ಬಾಯ್ತಪ್ಪಿನ ಬೆನ್ನು ಹತ್ತಿದವರು

ರಾಜಕಾರಣಿಯ ಬಾಯ್ತಪ್ಪನ್ನು ಹಿಡಿದು ನಗಿಸುವ ಬರಹ ಕನ್ನಡದಲ್ಲಿ ತೀರ ಹಳೆಯದಲ್ಲ. ಅದು ಹುಟ್ಟಬೇಕಾದರೆ ವೋಟಿಗಾಗಿ ಜನರೆದುರು ನಿಂತು ಕನ್ನಡದಲ್ಲಿ ಮಾತಾಡುವ ಮುಖಂಡನಿರಬೇಕು, ಆ ಮಾತನ್ನು ಮಾರನೆಯ ದಿನ ಅಚ್ಚಿನಲ್ಲಿ ಓದುವ ಜನವೂ ಇರಬೇಕು. ಮೈಸೂರು ಸಂಸ್ಥಾನದಲ್ಲಿ ಇವೆರಡೂ ಕೂಡಿಬರಲು ಬಹಳ ಕಾಲ ಹಿಡಿಯಿತು. ದಿವಾನ್ ರಂಗಾಚಾರ್ಲು 1881ರಲ್ಲಿ ಪ್ರಜಾಪ್ರತಿನಿಧಿ ಸಭೆ ಕರೆದಾಗ ಸೇರಿದ 144 ಮಂದಿ ಬಂದದ್ದು ಸರ್ಕಾರದ ವರದಿ ಕೇಳಲು, ತಮ್ಮ ಸೀಮೆಯ ಅಹವಾಲು ಹೇಳಿಕೊಳ್ಳಲು. ಅಹವಾಲು ಹೇಳುವವನ ನಾಲಗೆ ತೊದಲಿದರೆ ನಗುವವರು ಯಾರು? ಅಧಿಕಾರವಿದ್ದದ್ದು ದಿವಾನರ ಕೈಯಲ್ಲಿ. ದಿವಾನರನ್ನು ಕೆಣಕುವ ಪತ್ರಿಕೆಗಳನ್ನು ಹದ್ದುಬಸ್ತಿನಲ್ಲಿಡಲು 1908ರ ಪತ್ರಿಕಾ ಕಾನೂನು ಬಂತು. ಹೀಗಾಗಿ ಮೊದಲ ತಲೆಮಾರಿನ ವಿನೋದ ಬರಹಗಾರರ ಕೈಗೆ ಸಿಕ್ಕ ಮಾತಿನಮಲ್ಲ ರಾಜಕಾರಣಿಯಲ್ಲ, ವಕೀಲ. ಟಿ.ಪಿ. ಕೈಲಾಸಂ ಅವರ ‘ಬಂಡ್ವಾಳ್ವಿಲ್ಲದ ಬಡಾಯಿ’ ನಾಟಕದ ಅಹೋಬ್ಲು ಅಂಥ ಬಡಾಯಿಕೋರ ವಕೀಲ. ಇಲ್ಲದ ಪ್ರತಾಪವನ್ನು ಬಾಯಲ್ಲೇ ಕಟ್ಟಿ ನಿಲ್ಲಿಸುವವನು. ಮುಂದೆ ಖಾದಿ ತೊಟ್ಟು ವೇದಿಕೆ ಏರಿದವರಲ್ಲಿ ವಕೀಲರು ಕಡಿಮೆಯೇನಿರಲಿಲ್ಲ ಎಂಬುದನ್ನು ನೆನೆದರೆ, ಅಹೋಬ್ಲುವನ್ನು ಈ ಚರಿತ್ರೆಯ ಮೊದಲ ಪುಟದಲ್ಲಿ ಕೂರಿಸುವುದು ತಪ್ಪಾಗದು.

1942ರಲ್ಲಿ ಬೆಂಗಳೂರಿನ ವೈದ್ಯ ಡಾ. ಎಂ. ಶಿವರಾಂ ‘ಕೊರವಂಜಿ’ ಮಾಸಪತ್ರಿಕೆ ಆರಂಭಿಸಿದರು. ‘ರಾಶಿ’ ಎಂಬ ಹೆಸರಿನಲ್ಲಿ ಬರೆಯುತ್ತಿದ್ದ ಅವರು 1967ರವರೆಗೆ, ಅಂದರೆ ಕಾಲು ಶತಮಾನ, ಅದನ್ನು ನಡೆಸಿದರು. ಬರೀ ಹಾಸ್ಯಕ್ಕೆಂದೇ ಮೀಸಲಾದ ಪತ್ರಿಕೆ ಕನ್ನಡದಲ್ಲಿ ಅಷ್ಟು ಕಾಲ ಬಾಳಿದ್ದು ಸಣ್ಣ ಮಾತಲ್ಲ. ನಾ. ಕಸ್ತೂರಿ, ಟಿ. ಸುನಂದಮ್ಮ ಮೊದಲಾದವರು ಅದರಲ್ಲಿ ಬರೆದರು. ಮೈಸೂರಿನ ಹುಡುಗ ಆರ್.ಕೆ. ಲಕ್ಷ್ಮಣ್ ಚಿತ್ರ ಬರೆದುಕೊಟ್ಟರು. ಕಣಿ ಹೇಳುವ ಹೆಣ್ಣಿನ ಹೆಸರಿಟ್ಟುಕೊಂಡ ಈ ಪತ್ರಿಕೆ ಆಳುವವರ ಕೈ ನೋಡಿ ಭವಿಷ್ಯ ಹೇಳಿತು ನಿಜ, ಆದರೆ ಇಂಥವರದೇ ಕೈ ಎಂದು ಬೊಟ್ಟು ಮಾಡಿ ತೋರಿಸಿದ್ದು ಅಪರೂಪ. ಅದರ ಮಂತ್ರಿ ಬರೀ ‘ಮಂತ್ರಿಗಳು’, ಅದರ ಅಧ್ಯಕ್ಷ ಬರೀ ‘ಅಧ್ಯಕ್ಷರು’. ನಗು ವ್ಯಕ್ತಿಯ ಮೇಲಲ್ಲ, ಹುದ್ದೆಯ ಮೇಲೆ. ಕಸ್ತೂರಿಯವರ ‘ಅನರ್ಥಕೋಶ’ ಇದೇ ಮನೋಧರ್ಮದ ಕೃತಿ: ಪದಕ್ಕೆ ನಿಘಂಟು ಕೊಡುವ ಅರ್ಥವನ್ನು ಬದಿಗಿಟ್ಟು, ಜನರ ಬಾಯಲ್ಲಿ ಅದು ಪಡೆದ ಅಡ್ಡ ಅರ್ಥವನ್ನು ಕೊಡುವ ಕೋಶ. ಸಾರ್ವಜನಿಕ ಭಾಷಣದ ಸವಕಲು ಮಾತುಗಳನ್ನು ಪರೀಕ್ಷೆಗೆ ಹಚ್ಚಲು ಅದಕ್ಕಿಂತ ಹದವಾದ ಸಾಧನ ಆ ಕಾಲದಲ್ಲಿರಲಿಲ್ಲ.

ಮೊದಲ ಸಾರ್ವತ್ರಿಕ ಚುನಾವಣೆ 1951–52ರಲ್ಲಿ ನಡೆದ ಮೇಲೆ ಚಿತ್ರ ಬದಲಾಯಿತು. ಬೆಂಗಳೂರಿನಲ್ಲಿ 1948ರಲ್ಲಿ ಆರಂಭವಾಗಿದ್ದ ‘ಪ್ರಜಾವಾಣಿ’ಯಲ್ಲಿ ಸಂಪಾದಕ ಟಿ.ಎಸ್. ರಾಮಚಂದ್ರರಾವ್ ‘ಛೂಬಾಣ’ ಅಂಕಣ ಬರೆದರು. ದಿನಪತ್ರಿಕೆಯ ಅಂಕಣಕ್ಕೆ ಮಾಸಪತ್ರಿಕೆಗಿಲ್ಲದ ಒಂದು ಅನುಕೂಲವಿದೆ. ಮಾತು ಬಿಸಿ ಆರುವ ಮೊದಲೇ ಅದನ್ನು ಹಿಡಿಯಬಹುದು, ಓದುಗ ‘ಇದು ಯಾರ ಮಾತು’ ಎಂದು ಯೋಚಿಸುವ ಗೋಜೇ ಇರುವುದಿಲ್ಲ. ಇತ್ತ ಬೀchi ಎಂದೇ ಖ್ಯಾತರಾದ ರಾಯಸಂ ಭೀಮಸೇನರಾವ್ (1913–1980) ತಮ್ಮ ಪಾತ್ರ ತಿಂಮನನ್ನು ಮುಂದೆ ಬಿಟ್ಟು ಇದೇ ಕೆಲಸವನ್ನು ಬೇರೆ ಬಗೆಯಲ್ಲಿ ಮಾಡಿದರು. ಆತ್ಮಕಥೆಗೆ ‘ನನ್ನ ಭಯಾಗ್ರಫಿ’ ಎಂದು ಹೆಸರಿಟ್ಟ ಮನುಷ್ಯನಿಗೆ ದೊಡ್ಡವರ ನಾಲಗೆ ಎಲ್ಲಿ ಜಾರುತ್ತದೆ ಎಂದು ಕಾದು ಕೂರುವ ಅಗತ್ಯವಿರಲಿಲ್ಲ. ಸರಿಯಾಗಿ ಆಡಿದ ಮಾತನ್ನೇ ಸ್ವಲ್ಪ ತಿರುಗಿಸಿ ಜಾರಿಸುತ್ತಿದ್ದರು.

ಆದರೆ ಓದು ಬಾರದವರಿಗೂ ಈ ನಗುವನ್ನು ಮುಟ್ಟಿಸಿದ್ದು ಪತ್ರಿಕೆಯಲ್ಲ, ಕಂಪನಿ ನಾಟಕ. ಮಾಸ್ಟರ್ ಹಿರಣ್ಣಯ್ಯ (1934–2019) ಅವರ ‘ಲಂಚಾವತಾರ’, ‘ನಡುಬೀದಿ ನಾರಾಯಣ’ ನಾಟಕಗಳಿಗೆ ಅಚ್ಚಾದ ಮಾತು ಒಂದು ನೆಪ ಮಾತ್ರ. ಬೆಳಿಗ್ಗೆ ಪತ್ರಿಕೆಯಲ್ಲಿ ಬಂದ ಮಂತ್ರಿಯ ಹೇಳಿಕೆ ರಾತ್ರಿ ರಂಗದ ಮೇಲೆ, ಅದೇ ಧಾಟಿಯಲ್ಲಿ, ಅದೇ ಗತ್ತಿನಲ್ಲಿ ಬರುತ್ತಿತ್ತು. ಅದೇ ನಾಟಕವನ್ನು ನಾಲ್ಕಾರು ಸಲ ನೋಡಿದವರೂ ಮತ್ತೆ ಟಿಕೆಟು ಕೊಳ್ಳುತ್ತಿದ್ದುದು ಈ ಹೊಸ ಮಾತುಗಳಿಗಾಗಿ. ಇದಕ್ಕೆ ಪೂರ್ತಿ ವಿರುದ್ಧವಾದ, ನಾಲ್ಕೇ ಸಾಲಿನ ದಾರಿ ದಿನಕರ ದೇಸಾಯಿ (1909–1982) ಅವರದು. ಅವರ ಚೌಪದಿಗಳಲ್ಲಿ ಮಂತ್ರಿ, ಪುಢಾರಿ, ಭಾಷಣ ಎಲ್ಲಕ್ಕೂ ಪಾಲುಂಟು. ದೇಸಾಯಿಯವರ ವಿಶೇಷವೆಂದರೆ ಅವರು 1967ರಲ್ಲಿ ಕೆನರಾ ಕ್ಷೇತ್ರದಿಂದ ಲೋಕಸಭೆಗೆ ಗೆದ್ದವರು. ಅದೇ ಬೆಂಚಿನಲ್ಲಿ ಕುಳಿತು ಅದೇ ಬೆಂಚನ್ನು ಗೇಲಿ ಮಾಡಿದ ಬರಹಗಾರರು ಎಲ್ಲ ಭಾಷೆಗಳಲ್ಲೂ ಕಡಿಮೆ.

ಈ ಚರಿತ್ರೆಯ ಕಾವೇರಿದ ಅಧ್ಯಾಯ ನಡೆದದ್ದು ಬೆಂಗಳೂರಿನಲ್ಲಾದರೂ, ಅದರ ಪಾತ್ರಧಾರಿಗಳು ಬಂದದ್ದು ಬೀರೂರು ಜಂಕ್ಷನ್ನಿನ ಆಚೆಯಿಂದ. ಬೆಂಗಳೂರು–ಹುಬ್ಬಳ್ಳಿ ರೈಲು ಮಾರ್ಗ ಬೀರೂರಿನಲ್ಲಿ ಕವಲೊಡೆಯುತ್ತದೆ. ಒಂದು ಹಳಿ ಅಜ್ಜಂಪುರದ ಕಡೆಗೆ, ಇನ್ನೊಂದು ತರೀಕೆರೆ, ಭದ್ರಾವತಿ, ಶಿವಮೊಗ್ಗ ದಾಟಿ ತಾಳಗುಪ್ಪಕ್ಕೆ. ಪಿ. ಲಂಕೇಶ್ ಹುಟ್ಟಿದ ಕೊನಗವಳ್ಳಿ, ಎಸ್. ಬಂಗಾರಪ್ಪನವರ ಕುಬಟೂರು, ಜೆ.ಎಚ್. ಪಟೇಲರ ಕಾರಿಗನೂರು, ಇವರಿಗೆಲ್ಲ ಹಿರಿಯರಾಗಿದ್ದ ಸಮಾಜವಾದಿ ಶಾಂತವೇರಿ ಗೋಪಾಲಗೌಡರ ತೀರ್ಥಹಳ್ಳಿ ಸೀಮೆ, ಎಲ್ಲವೂ ಈ ಕವಲಿನ ಆಸುಪಾಸಿನವೇ. ಗೇಲಿ ಮಾಡಿದವರೂ ಗೇಲಿಗೆ ಸಿಕ್ಕವರೂ ಒಂದೇ ನೀರು ಕುಡಿದವರು.

ಮಾತನ್ನು ಹಿಡಿದು ಅರ್ಥ ಬಿಡಿಸುವ ಚಪಲ ಬೀರೂರಿಗೆ ಹೊಸದೂ ಅಲ್ಲ. ದಸರೆಯ ಸಮಯದಲ್ಲಿ ಇಲ್ಲಿ ಮೈಲಾರಲಿಂಗಸ್ವಾಮಿಯ ಕಾರ್ಣಿಕ ನಡೆಯುತ್ತದೆ. ಒಗಟಿನಂಥ ಒಂದೆರಡು ನುಡಿ. ಆಮೇಲೆ ಮಳೆ ಬೆಳೆಯಿಂದ ಹಿಡಿದು ಸರ್ಕಾರದ ಆಯುಷ್ಯದವರೆಗೆ ಅದರಲ್ಲಿ ಏನಿದೆ ಎಂಬ ತರ್ಕ. ಪತ್ರಿಕೆಗಳು ಅದನ್ನು ಅರ್ಥದೊಡನೆ ಅಚ್ಚು ಮಾಡುತ್ತವೆ. ಕಾರ್ಣಿಕದವರು ಮಿತವಾಗಿ ಆಡಿ ಬಹಳ ಅರ್ಥ ಹುಟ್ಟಿಸುತ್ತಾರೆ, ಚುನಾವಣಾ ಭಾಷಣದ್ದು ಹೆಚ್ಚುಕಡಿಮೆ ಇದರ ತಿರುವುಮುರುವು. ಇನ್ನು ಭಾಷಣಗಳನ್ನು ಈ ಊರು ಬೇಕಾದಷ್ಟು ಕೇಳಿದೆ. 2008ರ ಕ್ಷೇತ್ರ ಮರುವಿಂಗಡಣೆಯವರೆಗೆ ಬೀರೂರು ತನ್ನದೇ ಹೆಸರಿನ ವಿಧಾನಸಭಾ ಕ್ಷೇತ್ರವಾಗಿತ್ತು. 1978ರ ನವೆಂಬರಿನಲ್ಲಿ ಇಂದಿರಾ ಗಾಂಧಿ ಚಿಕ್ಕಮಗಳೂರು ಲೋಕಸಭಾ ಉಪಚುನಾವಣೆಗೆ ನಿಂತಾಗ ದೇಶದ ಪತ್ರಕರ್ತರೆಲ್ಲ ಬೀರೂರಿರುವ ಈ ಜಿಲ್ಲೆಯಲ್ಲಿ ಬೀಡುಬಿಟ್ಟರು. ಎದುರಾಳಿ ಜನತಾ ಪಕ್ಷದ ವೀರೇಂದ್ರ ಪಾಟೀಲ್. ಒಂದು ಸಿಂಹಿಣಿಗೆ ನೂರು ಮುಸುವ ಎಂಬ ಅರ್ಥದ ಹಿಂದಿ ಘೋಷಣೆ ‘ಚಿಕ್ಕಮಗಳೂರ್’ ಎಂಬ ಹೆಸರಿಗೆ ಪ್ರಾಸ ಕೂಡಿಸಿಕೊಂಡು ದೇಶವಿಡೀ ಹರಡಿತು. ಪ್ರಾಸ ಸರಿಹೋದದ್ದು ಹಿಂದಿಯ ಕಿವಿಗೆ. ದಿನಾ ತೋಟಕ್ಕೆ ನುಗ್ಗುವ ಮುಸುವಗಳನ್ನು ಓಡಿಸುವ ಮಲೆನಾಡಿನವರಿಗೆ ನೂರು ಮುಸುವ ಅಂದರೆ ತಮಾಷೆಯ ಸಂಗತಿಯೇ ಅಲ್ಲ. ಇಂದಿರಾ 70,000ಕ್ಕೂ ಹೆಚ್ಚು ಮತಗಳ ಅಂತರದಿಂದ ಗೆದ್ದರು.

ಇದಾಗಿ ಎರಡು ವರ್ಷಕ್ಕೆ, 1980ರಲ್ಲಿ, ಇಂಗ್ಲಿಷ್ ಮೇಷ್ಟರಾಗಿದ್ದ ಲಂಕೇಶ್ ವಾರಪತ್ರಿಕೆ ತೆಗೆದರು. ‘ಲಂಕೇಶ್ ಪತ್ರಿಕೆ’ ಜಾಹೀರಾತು ತೆಗೆದುಕೊಳ್ಳಲಿಲ್ಲ. ಆದಾಯವೆಲ್ಲ ಓದುಗನ ಜೇಬಿನಿಂದಲೇ ಬರಬೇಕಾದ್ದರಿಂದ ಯಾರ ಮುಲಾಜೂ ಇರಲಿಲ್ಲ. ಆಗ ಮುಖ್ಯಮಂತ್ರಿ ಕುಶಾಲನಗರದ ಆರ್. ಗುಂಡೂರಾವ್: ನಲವತ್ತೆರಡರ ಹರೆಯ, ಹಿಂದುಮುಂದು ನೋಡದ ಮಾತು. 1980ರ ನರಗುಂದ–ನವಲಗುಂದ ರೈತರ ಮೇಲಿನ ಗೋಲಿಬಾರು, 1982ರ ಗೋಕಾಕ್ ಚಳವಳಿ, ಎರಡೂ ಅವರ ಕಾಲದಲ್ಲೇ ನಡೆದವು. ಪತ್ರಕರ್ತರನ್ನು ಅರಬ್ಬೀ ಸಮುದ್ರಕ್ಕೆ ಎಸೆಯಬೇಕು ಎಂಬರ್ಥದ ಅವರ ಮಾತು ಇವತ್ತಿಗೂ ಪತ್ರಕರ್ತರ ಸಭೆಗಳಲ್ಲಿ ನೆನಪಾಗುತ್ತದೆ. ಲಂಕೇಶ್ ಮುಖ್ಯಮಂತ್ರಿಯನ್ನು ಪತ್ರಿಕೆಯಲ್ಲಿ ‘ಗುಂ’ ಎಂದು ಕರೆದರು. ಆಮೇಲೆ ಬಂಗಾರಪ್ಪ ‘ಬಂ’ ಆದರು. ಕೊರವಂಜಿಯ ಹೆಸರಿಲ್ಲದ ಮಂತ್ರಿಗೆ ಮೊದಲ ಬಾರಿಗೆ ಹೆಸರು ಬಂತು, ಅದೂ ಅರ್ಧ ಹೆಸರು.

ಲಂಕೇಶ್ ಮಾಡಿದ ಮುಖ್ಯ ಬದಲಾವಣೆ ಈ ಅಡ್ಡಹೆಸರುಗಳಲ್ಲಿಲ್ಲ, ಮಾತನ್ನು ಓದುವ ಕ್ರಮದಲ್ಲಿದೆ. ಅಲ್ಲಿಯವರೆಗೆ ವರದಿಗಾರರು ಮುಖಂಡನ ಮಾತನ್ನು ಒಪ್ಪ ಮಾಡಿ ಅಚ್ಚಿಗೆ ಕೊಡುತ್ತಿದ್ದರು. ಅರ್ಧಕ್ಕೆ ನಿಂತ ವಾಕ್ಯ ಪೂರ್ತಿಯಾಗುತ್ತಿತ್ತು, ಒರಟು ಮಾತು ‘ಅಭಿಪ್ರಾಯಪಟ್ಟರು’ ಆಗುತ್ತಿತ್ತು, ಅಸಂಬದ್ಧ ಮಾತು ‘ಮಾರ್ಮಿಕವಾಗಿ ನುಡಿದರು’ ಆಗುತ್ತಿತ್ತು. ಲಂಕೇಶ್ ಪತ್ರಿಕೆ ಈ ಇಸ್ತ್ರಿ ಕೆಲಸ ನಿಲ್ಲಿಸಿತು. ಆಡಿದ್ದನ್ನು ಆಡಿದಂತೆ ಹಾಕಿ, ಪಕ್ಕದಲ್ಲಿ ಒಂದು ತಣ್ಣನೆಯ ಟಿಪ್ಪಣಿ. ಸಣ್ಣಕತೆ, ನಾಟಕ ಬರೆದು ಪಳಗಿದ ಕೈಗೆ ಒಬ್ಬನ ಮಾತಿನಲ್ಲೇ ಅವನ ಗುಣ ಹೊರಬರುತ್ತದೆ ಎಂಬುದು ಚೆನ್ನಾಗಿ ಗೊತ್ತಿತ್ತು. 1983ರ ಜನವರಿಯಲ್ಲಿ ಗುಂಡೂರಾವ್ ಸರ್ಕಾರ ಬಿದ್ದು ರಾಮಕೃಷ್ಣ ಹೆಗಡೆ ರಾಜ್ಯದ ಮೊದಲ ಕಾಂಗ್ರೆಸ್ಸೇತರ ಮುಖ್ಯಮಂತ್ರಿಯಾದಾಗ ಅದರ ಶ್ರೇಯಸ್ಸಿನಲ್ಲಿ ಪತ್ರಿಕೆಗೂ ಪಾಲು ಕೊಟ್ಟವರು ಬಹಳ. ಪಾಲು ಎಷ್ಟು ಎಂಬುದು ಚರ್ಚೆಯ ವಿಷಯ. ರೈತರ ಸಿಟ್ಟು ಪತ್ರಿಕೆಗಿಂತ ದೊಡ್ಡದಿತ್ತು. ಅಡ್ಡಹೆಸರಿನ ಹಾಸ್ಯಕ್ಕೆ ಒಂದು ದೋಷವೂ ಉಂಟು. ಒಮ್ಮೆ ‘ಗುಂ’ ಆದ ಮೇಲೆ ಆ ಮನುಷ್ಯ ಆಡಿದ ಸರಿಯಾದ ಮಾತೂ ತಮಾಷೆಯಾಗಿಯೇ ಕೇಳಿಸುತ್ತದೆ. ಲಂಕೇಶರನ್ನು ಅನುಕರಿಸಿ ಹುಟ್ಟಿಕೊಂಡ ವಾರಪತ್ರಿಕೆಗಳಲ್ಲಿ ಈ ದೋಷವೇ ಬೆಳೆದು ಬೈಗುಳಕ್ಕೆ ತಿರುಗಿತು.

ಅದೇ ಪತ್ರಿಕೆಯಲ್ಲಿ ಬಿ. ಚಂದ್ರೇಗೌಡರು ಬರೆದ ‘ಕಟ್ಟೆ ಪುರಾಣ’ ಇನ್ನೊಂದು ದಾರಿ ತೋರಿಸಿತು. ಇಲ್ಲಿ ಲೇಖಕ ನೇರವಾಗಿ ಏನನ್ನೂ ಹೇಳುವುದಿಲ್ಲ. ಊರ ಕಟ್ಟೆಯ ಮೇಲೆ ಕುಳಿತ ಜನ ಮಾತಾಡಿಕೊಳ್ಳುತ್ತಾರೆ. ಪ್ರಜಾವಾಣಿಯ ‘ಚುರುಮುರಿ’ ಅಂಕಣದ ತುರೇಮಣೆ, ತೆಪರೇಸಿ, ದುಬ್ಬೀರ, ಮಂಜಮ್ಮ ಇದೇ ಬಳಗದವರು. ಈ ಪ್ರಕಾರ ಕೆಲಸ ಮಾಡುವ ಬಗೆ ಸರಳ. ಮುಖಂಡನೊಬ್ಬ ಭಾಷಣದ ಭರದಲ್ಲಿ ‘ಕುಡಿಯುವ ನೀರಿನ ಸಮಸ್ಯೆಯನ್ನು ಮನೆಮನೆಗೂ ಮುಟ್ಟಿಸುತ್ತೇವೆ’ ಎಂದುಬಿಟ್ಟ ಅಂದುಕೊಳ್ಳಿ. ವರದಿಗಾರ ಅದನ್ನು ತಿದ್ದುತ್ತಾನೆ, ವಿರೋಧ ಪಕ್ಷದವನು ಖಂಡಿಸುತ್ತಾನೆ. ಕಟ್ಟೆಯವನು ಎರಡನ್ನೂ ಮಾಡುವುದಿಲ್ಲ. ‘ನಮ್ಮನೆಗೆ ಹೋದ ತಿಂಗಳೇ ಮುಟ್ಟೈತೆ ಕಣಣ್ಣ, ರಸೀದಿ ಒಂದು ಕೊಟ್ಟಿಲ್ಲ’ ಎನ್ನುತ್ತಾನೆ. ಬಾಯ್ತಪ್ಪನ್ನು ನಿಜವೆಂದು ನಂಬಿ ಅದರ ಪ್ರಕಾರವೇ ಮುಂದುವರಿಯುವ ಈ ಮುಗ್ಧತನದ ಸೋಗು ಹಿರಿಯ ಹರಟೆಗಾರರ ಕಾಲದಿಂದ ಬಂದ ಆಸ್ತಿ. ಅದರಿಂದ ಇನ್ನೊಂದು ಉಪಯೋಗವೂ ಉಂಟು. ಸದನದ ಕಡತದಿಂದ ತೆಗೆದುಹಾಕಿದ ಮಾತನ್ನು ಪತ್ರಿಕೆ ಪ್ರಕಟಿಸಿದರೆ ಹಕ್ಕುಚ್ಯುತಿಯಾಗುತ್ತದೆ ಎಂದು ಸುಪ್ರೀಂ ಕೋರ್ಟು 1959ರ ‘ಸರ್ಚ್‌ಲೈಟ್’ ಪ್ರಕರಣದಲ್ಲಿ ಹೇಳಿತ್ತು. ಕಟ್ಟೆಯ ಮೇಲಿನ ತೆಪರೇಸಿಗೆ ಯಾವ ಸಭಾಧ್ಯಕ್ಷರೂ ನೋಟಿಸು ಕೊಡಲಾರರು. ಹಕ್ಕುಚ್ಯುತಿಯ ಭಯ ಬರೀ ಕಾಗದದ್ದಲ್ಲ: 2017ರ ಜೂನಿನಲ್ಲಿ ಕರ್ನಾಟಕ ವಿಧಾನಸಭೆ ಶಾಸಕರ ವಿರುದ್ಧ ಬರೆದ ಆರೋಪದ ಮೇಲೆ ಇಬ್ಬರು ಪತ್ರಿಕಾ ಸಂಪಾದಕರಿಗೆ ಒಂದು ವರ್ಷ ಜೈಲು, ತಲಾ 10,000 ರೂಪಾಯಿ ದಂಡ ವಿಧಿಸಿತ್ತು.

ನಗೆಗಾರರ ಕೈಗೆ ಸುಲಭಕ್ಕೆ ಸಿಗದ ರಾಜಕಾರಣಿಯೂ ಒಬ್ಬರಿದ್ದರು. ತರೀಕೆರೆ, ಅಜ್ಜಂಪುರಗಳ ನೆರೆಯ ಚನ್ನಗಿರಿ ತಾಲ್ಲೂಕಿನ ಜೆ.ಎಚ್. ಪಟೇಲರು (1930–2000) 1967ರಲ್ಲಿ ಶಿವಮೊಗ್ಗದಿಂದ ಲೋಕಸಭೆಗೆ ಹೋಗಿ ಅಲ್ಲಿ ಮೊದಲ ಬಾರಿಗೆ ಕನ್ನಡದಲ್ಲಿ ಮಾತಾಡಿದವರು. 1996ರಿಂದ 1999ರವರೆಗೆ ಮುಖ್ಯಮಂತ್ರಿ. ಬೇರೆಯವರಾದರೆ ಮರುದಿನವೇ ‘ನಾನು ಹಾಗೆ ಹೇಳಿಲ್ಲ, ತಿರುಚಲಾಗಿದೆ’ ಎನ್ನುತ್ತಿದ್ದ ಮಾತುಗಳನ್ನು ಪಟೇಲರು ಬೇಕೆಂದೇ ಆಡಿದರು. ಹೆಣ್ಣು, ಹೆಂಡ ತಮ್ಮ ದೌರ್ಬಲ್ಯ ಎಂದು ಆ ಕುರ್ಚಿಯಲ್ಲಿದ್ದಾಗಲೇ ಬಹಿರಂಗವಾಗಿ ಒಪ್ಪಿಕೊಂಡರು. ತಾನೇ ತನ್ನನ್ನು ಗೇಲಿ ಮಾಡಿಕೊಳ್ಳುವವನ ಬಗ್ಗೆ ವ್ಯಂಗ್ಯ ಅಂಕಣ ಬರೆಯುವುದು ಕಷ್ಟದ ಕೆಲಸ. ಪಟೇಲರ ಹೆಸರಿನಲ್ಲಿ ಇಂದು ಓಡಾಡುವ ಜೋಕುಗಳೆಲ್ಲ ಅವರದೇ ಅಲ್ಲ. ಯಾರದೋ ಜೋಕಿಗೆ ಒಡೆಯ ಬೇಕಾದಾಗ ಕರ್ನಾಟಕದಲ್ಲಿ ಅವರ ಹೆಸರು ಮುಂದೆ ಬರುತ್ತದೆ. ಈ ಮಾತಿನ ಸೊಗಸಿನಲ್ಲಿ ಆಡಳಿತದ ಕೊರತೆಗಳು ಎಷ್ಟೋ ಸಲ ಮರೆತೇಹೋದವು ಎಂಬುದನ್ನೂ ಹೇಳಬೇಕು.

ಹೊರಗಿನ ಲೋಕದಲ್ಲಿ ಬಾಯ್ತಪ್ಪು ಪುಸ್ತಕದ ಸರಕಾಗಿ ಬಹಳ ಕಾಲವಾಗಿದೆ. ಶೆರಿಡನ್‌ನ 1775ರ ನಾಟಕದ ಮಿಸೆಸ್ ಮಾಲಾಪ್ರಾಪ್ ತಪ್ಪು ಪದಕ್ಕೆ ತನ್ನ ಹೆಸರನ್ನೇ ಕೊಟ್ಟಳು. ಅಮೆರಿಕದ ಉಪಾಧ್ಯಕ್ಷ ಡ್ಯಾನ್ ಕ್ವೇಲ್ 1992ರಲ್ಲಿ ಶಾಲಾ ಹುಡುಗ ಸರಿಯಾಗಿ ಬರೆದಿದ್ದ ಆಲೂಗಡ್ಡೆಯ ಕಾಗುಣಿತವನ್ನು ‘ತಿದ್ದಿ’ ತಪ್ಪು ಮಾಡಿಸಿದರು. ಜಾರ್ಜ್ ಡಬ್ಲ್ಯು. ಬುಷ್ ಅವರ ಎಡವಟ್ಟು ಇಂಗ್ಲಿಷನ್ನು ಪತ್ರಕರ್ತ ಜೇಕಬ್ ವೈಸ್‌ಬರ್ಗ್ ‘ಬುಷಿಸಂ’ ಎಂಬ ಹೆಸರಿನಲ್ಲಿ ಸಂಗ್ರಹಿಸಿ ಪುಸ್ತಕಗಳನ್ನೇ ತಂದರು. ಕನ್ನಡದಲ್ಲಿ ಒಬ್ಬನೇ ರಾಜಕಾರಣಿಯ ತಪ್ಪುಗಳ ಅಂಥ ಸಂಗ್ರಹ ಬೆಳೆಯದಿರುವುದಕ್ಕೆ ಕಾರಣವಿದೆ. ಇಂಗ್ಲಿಷಿನಲ್ಲಿ ಓದಿದ ಶ್ರೀಮಂತನ ಮಗ ವ್ಯಾಕರಣ ತಪ್ಪಿದರೆ ನಗಲು ಯಾರಿಗೂ ಅಳುಕಿಲ್ಲ. ಕನ್ನಡದಲ್ಲಿ ಉಚ್ಚಾರದ ತಪ್ಪಿಗೆ ನಕ್ಕರೆ ಆ ನಗು ಎಲ್ಲಿಗೆ ತಾಗುತ್ತದೆ ಎಂದು ಯೋಚಿಸಬೇಕು. ‘ಹ’ಕಾರ ಇರಬೇಕಾದಲ್ಲಿ ‘ಅ’ಕಾರ, ಮಹಾಪ್ರಾಣ ಇರಬೇಕಾದಲ್ಲಿ ಅಲ್ಪಪ್ರಾಣ ಬರುವುದು ಹಳೇ ಮೈಸೂರಿನ ಹಳ್ಳಿಗಳ ಸಹಜ ನುಡಿ. ಮೊದಲ ತಲೆಮಾರಿಗೆ ಶಾಲೆ ಕಂಡು ವಿಧಾನಸೌಧದ ಮೆಟ್ಟಿಲೇರಿದವನ ಪ್ರಮಾಣವಚನಕ್ಕೆ ಪೇಟೆಯ ಗ್ಯಾಲರಿ ನಕ್ಕಾಗ, ಅದು ಅಧಿಕಾರಸ್ಥನ ಮೇಲಿನ ನಗೆಯೋ ಅವನ ಊರು–ಜಾತಿಯ ಮೇಲಿನದೋ? ಒಳ್ಳೆಯ ಬರಹಗಾರರು ಈ ಗೆರೆಯನ್ನು ಬಲ್ಲವರಾಗಿದ್ದರು. ಕಟ್ಟೆ ಪುರಾಣದಲ್ಲಿ ಹಳ್ಳಿಯ ನುಡಿ ನಗುವವರ ಕಡೆಗಿದೆ, ನಗೆಪಾಟಲಾಗುವವರ ಕಡೆಗಲ್ಲ. ಆದರೆ ಹಾಸ್ಯೋತ್ಸವಗಳ ವೇದಿಕೆಯಲ್ಲಿ ಈ ಎಚ್ಚರ ಸದಾ ಉಳಿದಿಲ್ಲ.

2018ರ ವಿಧಾನಸಭಾ ಚುನಾವಣೆಯ ಹೊತ್ತಿಗೆ ಬಾಯ್ತಪ್ಪಿಗೆ ಬರಹಗಾರನ ಹಂಗೇ ಇಲ್ಲವಾಗಿತ್ತು. ಮಾರ್ಚ್ 27ರಂದು ದಾವಣಗೆರೆಯ ಪತ್ರಿಕಾಗೋಷ್ಠಿಯಲ್ಲಿ ಬಿಜೆಪಿ ಅಧ್ಯಕ್ಷ ಅಮಿತ್ ಶಾ, ಭ್ರಷ್ಟಾಚಾರಕ್ಕೆ ಸ್ಪರ್ಧೆ ಇಟ್ಟರೆ ಮೊದಲ ಸ್ಥಾನ ಯಡಿಯೂರಪ್ಪ ಸರ್ಕಾರಕ್ಕೆ ಎಂದುಬಿಟ್ಟರು; ಹೇಳಬೇಕಾಗಿದ್ದದ್ದು ಸಿದ್ದರಾಮಯ್ಯ ಸರ್ಕಾರ. ಅವರದೇ ಪಕ್ಷದ ಯಡಿಯೂರಪ್ಪ ಪಕ್ಕದಲ್ಲೇ ಕುಳಿತಿದ್ದರು. ಕೆಲವೇ ದಿನಗಳಲ್ಲಿ ಚಳ್ಳಕೆರೆಯ ಸಭೆಯಲ್ಲಿ ಶಾ ಅವರ ಹಿಂದಿಯನ್ನು ಕನ್ನಡಕ್ಕೆ ತರುತ್ತಿದ್ದ ಪ್ರಹ್ಲಾದ ಜೋಶಿ, ಮೋದಿಯವರು ಬಡವರಿಗೆ, ದಲಿತರಿಗೆ ಏನೂ ಮಾಡುವುದಿಲ್ಲ ಎಂಬರ್ಥ ಬರುವಂತೆ ಅನುವಾದಿಸಿದರು. ಕಾಂಗ್ರೆಸ್ಸಿನವರು ನಕ್ಕು ಮುಗಿಸುವ ಮೊದಲೇ ರಾಹುಲ್ ಗಾಂಧಿ ವಿಶ್ವೇಶ್ವರಯ್ಯನವರ ಹೆಸರು ಹೇಳಲು ತಡವರಿಸಿದ ವಿಡಿಯೊ ಹರಿದಾಡಿತು. ಮೇ 1ರಂದು ಸಂತೇಮರಹಳ್ಳಿಯಲ್ಲಿ ಪ್ರಧಾನಿ ಮೋದಿ ಅದನ್ನೇ ಸವಾಲು ಮಾಡಿ ಭಾಷಣಕ್ಕೆ ಬಳಸಿದರು. ಮೊದಲು ಅಂಕಣಕಾರ ಮಾಡುತ್ತಿದ್ದ ಗೇಲಿಯನ್ನು ಈಗ ಎದುರು ಪಕ್ಷದ ಐಟಿ ಸೆಲ್ ಮಾಡುತ್ತದೆ.

‘ನಿಖಿಲ್ ಎಲ್ಲಿದ್ದೀಯಪ್ಪಾ’ ಪ್ರಸಂಗ ಇದರ ಇನ್ನೊಂದು ಮುಖ. ಎಚ್.ಡಿ. ಕುಮಾರಸ್ವಾಮಿ 2016ರಲ್ಲಿ ಮಗನ ‘ಜಾಗ್ವಾರ್’ ಚಿತ್ರದ ಹಾಡುಗಳ ಬಿಡುಗಡೆ ಸಮಾರಂಭದ ವೇದಿಕೆಯಿಂದ ಹಾಗೆ ಕೂಗಿದ್ದರು. ಮಗ ಜನರ ನಡುವಿನಿಂದ ಓಗೊಟ್ಟಿದ್ದ. ಅದರಲ್ಲಿ ತಪ್ಪೂ ಇರಲಿಲ್ಲ, ತೊದಲೂ ಇರಲಿಲ್ಲ. 2019ರಲ್ಲಿ ನಿಖಿಲ್ ಮಂಡ್ಯದಿಂದ ಲೋಕಸಭೆಗೆ ನಿಂತು, ತಂದೆ ಮುಖ್ಯಮಂತ್ರಿಯಾಗಿದ್ದಾಗ, ಮೂರು ವರ್ಷ ಹಳೆಯ ಆ ಕೂಗು ಫೋನಿನಿಂದ ಫೋನಿಗೆ ಹಾರಿತು. ಮದುವೆಮನೆಯಲ್ಲಿ, ಕಾಲೇಜಿನ ಹಾಜರಿಯಲ್ಲಿ, ಬಸ್‌ಸ್ಟ್ಯಾಂಡಿನಲ್ಲಿ ಜನ ಅದನ್ನು ಆಡಿದರು. ಆ ಸಾಲನ್ನು ಸಿನಿಮಾ ಶೀರ್ಷಿಕೆಯಾಗಿ ನೋಂದಾಯಿಸಲು ಪೈಪೋಟಿ ನಡೆಯಿತು. ನಿಖಿಲ್ ಸುಮಲತಾ ಅಂಬರೀಶ್ ಎದುರು 1.25 ಲಕ್ಷಕ್ಕೂ ಹೆಚ್ಚು ಮತಗಳಿಂದ ಸೋತರು. ಸೋಲಿಗೆ ಟ್ರೋಲ್ ಕಾರಣವಲ್ಲ. ಮಂಡ್ಯದ ಒಳರಾಜಕಾರಣ ಬೇರೆಯೇ ಇತ್ತು. ಗಮನಿಸಬೇಕಾದ್ದೆಂದರೆ, ಅಷ್ಟು ದೊಡ್ಡ ನಗೆಗೆ ಲೇಖಕನೆಂದು ಹೇಳಿಕೊಳ್ಳುವವರು ಯಾರೂ ಇರಲಿಲ್ಲ. ಅದನ್ನು ಯಾರು ಮೊದಲು ಹುಡುಕಿ ತೆಗೆದರು, ಯಾರು ಕತ್ತರಿಸಿ ಹಂಚಿದರು ಎಂಬುದು ಯಾರಿಗೂ ಬೇಕಾಗಲಿಲ್ಲ.

ಅಚ್ಚಿನ ಹಾಸ್ಯ ಇದರಿಂದ ನಿಂತುಹೋಗಿಲ್ಲ. ಕೊರವಂಜಿಯ ಪರಂಪರೆಯನ್ನು 1980ರ ದಶಕದಲ್ಲಿ ‘ಅಪರಂಜಿ’ ಮಾಸಪತ್ರಿಕೆ ಮುಂದುವರಿಸಿತು. ಲಂಕೇಶ್ 2000ದ ಜನವರಿಯಲ್ಲಿ ತೀರಿಕೊಂಡ ಮೇಲೆ ಅವರ ಪತ್ರಿಕೆ ಮಕ್ಕಳ ಕೈಯಲ್ಲಿ ಬೇರೆ ಬೇರೆ ಹಾದಿ ಹಿಡಿಯಿತು. ದಿನಪತ್ರಿಕೆಗಳ ಚುರುಮುರಿಯಂಥ ಅಂಕಣಗಳು ಮಾತ್ರ ವಿಡಿಯೊದ ವೇಗದೊಡನೆ ಓಟಕ್ಕೆ ನಿಲ್ಲದೆ ಉಳಿದುಕೊಂಡಿವೆ. ಬಾಯ್ತಪ್ಪನ್ನು ಹುಡುಕುವ ಕೆಲಸ ಅವುಗಳಿಗೆ ಈಗ ಇಲ್ಲ, ಅದು ಆಗಲೇ ಓದುಗನ ಫೋನಿನಲ್ಲಿರುತ್ತದೆ. ಅದನ್ನು ಕಟ್ಟೆಯ ಮೇಲಿಟ್ಟು, ನಂಬಿದಂತೆ ನಟಿಸಿ, ಇನ್ನು ನಾಲ್ಕು ಮಾತು ಮುಂದಕ್ಕೆ ಬೆಳೆಸುವುದಷ್ಟೇ ಅವುಗಳ ಪಾಲಿಗೆ ಉಳಿದಿರುವ ಕೆಲಸ.